ಎಂಟನೆಯದು

ಹವಲ್ಲಿಯ ಒಂದು ನೆಲಮಾಳಿಗೆಯಲ್ಲಿ ನನ್ನ ಮೇಜು.
ಬೆಸುಗೆ ಕಡ್ಡಿ, ಭೂತಗನ್ನಡಿ,
ಹೊಟ್ಟೆ ಬಿಚ್ಚಿಟ್ಟ ಕನ್ಸೋಲುಗಳು.
ಮೇಲೆ ಬೀದಿಯಲ್ಲಿ ಐವತ್ತು ಡಿಗ್ರಿ,
ಇಲ್ಲಿ ಏಸಿ ತೊಟ್ಟಿಕ್ಕುವಲ್ಲಿ ಒಂದು ಬಕೆಟ್ಟು.
ಯಾರೋ ಅದಕ್ಕೆ ಮಾರ್ಕರಿನಲ್ಲಿ ಎರಡು ಕಣ್ಣು ಬರೆದು ಹೋಗಿದ್ದಾರೆ:
ಡೊಪ್ಪಿ.

ಗೊತ್ತಲ್ಲ, ತಲೆಗೆ ಬಕೆಟ್ಟು ಕವುಚಿಕೊಂಡ ಹುಡುಗ,
ಹೆಸರಿನಲ್ಲೇ ಬೀಳುವ ಸದ್ದು.
ಹಲಗೆಯಿಂದ ಹಲಗೆಗೆ, ಮೋಡದಿಂದ ಮೋಡಕ್ಕೆ
ಮೂವತ್ತೊಂದು ವರ್ಷದಿಂದ ಬಾವಿ ಹುಡುಕುತ್ತಿದ್ದಾನೆ.
ಸಿಗುತ್ತದೆ, ಏಳು ಸಲವೂ ಸಿಕ್ಕಿದೆ.
ಆದರೆ ನೀರು ಸೇದಲು ಬಕೆಟ್ಟು ತೆಗೆಯಬೇಕು,
ತೆಗೆದರೆ ಮುಖ ಕಾಣುತ್ತದೆ.
ಬಾಯಾರಿದವ ಹಾಗೇ ತಿರುಗಿ ಹೊರಡುತ್ತಾನೆ.

ಏಳನೆಯದು ಬಂದು ಹನ್ನೊಂದು ವರ್ಷ.
ಅಷ್ಟರಲ್ಲಿ ಕಂಪನಿ ಎರಡು ಸಲ ಮಾರಾಟವಾಯಿತು.
ಎಂಟನೆಯದರ ಪಂಚಾಯಿತಿ ದಿನಾ ಈ ಮೇಜಿನ ಮುಂದೆ.

ನರ್ಸು ಮಾರಿಸೆಲ್ ರಾತ್ರಿಪಾಳಿ ಮುಗಿಸಿ ಬಂದು ಹೇಳುತ್ತಾಳೆ:
ಈ ಸಲ ಬೀಳುವುದೇ ಇಲ್ಲವಂತೆ,
ತಪ್ಪಿದರೆ ಮೋಡವೇ ಕೈ ಚಾಚಿ ಹಿಡಿಯುತ್ತದಂತೆ.
ನಾನು ಪ್ಯಾಂಟು ಮಡಚಿ ಮೊಣಕಾಲ ಕೆಳಗಿನ ಗಾಯ ತೋರಿಸುತ್ತೇನೆ.
ಗಂಗೊಳ್ಳಿ ಬಂದರಿನಲ್ಲಿ, ಮಳೆಗಾಲಕ್ಕೆ ಕಟ್ಟಿಹಾಕಿದ
ದೋಣಿಯಿಂದ ದೋಣಿಗೆ ಹಾರುತ್ತಿದ್ದೆವು.
ಹನ್ನೆರಡು ದೋಣಿ ದಾಟಿದ್ದು ಮರೆತಿದೆ.
ಹದಿಮೂರನೆಯದು ಕಾಲಲ್ಲಿದೆ.

ಟ್ಯಾಕ್ಸಿಯ ಗುಲ್ ಜಮಾನ್ ಹೇಳುತ್ತಾನೆ:
ಡಿಸ್ಕಿಲ್ಲ, ಗಿಸ್ಕಿಲ್ಲ, ಗಾಳಿಯಲ್ಲೇ ಬರುತ್ತದೆ.
ತಿಂಗಳ ಬಾಡಿಗೆ ಕಟ್ಟು, ಓಡುತ್ತಾನೆ.
ಕಟ್ಟದಿದ್ದರೆ ಎದ್ದ ಕಾಲು ಎದ್ದ ಹಾಗೇ.
ಹಾಗಾದರೆ ಅವನಿಗೂ ಇಖಾಮಾ ಅನ್ನು, ಎಂದೆ.
ಎಲ್ಲರೂ ನಕ್ಕರು.
ನನ್ನದು ಮುಗಿಯಲು ಹತ್ತೊಂಬತ್ತು ದಿನ ಇತ್ತು.
ಗಾಳಿಯಲ್ಲಿ ಬರುವ ಆಟಕ್ಕೆ
ಯಾವ ತಿರುಪು ಬಿಚ್ಚುವುದು?

ಮಿಶಾರಿಗೆ ಒಂಬತ್ತು ವರ್ಷ.
ಅಪ್ಪನ ಹಳೇ ಕನ್ಸೋಲನ್ನು ಗುತ್ರಾದಲ್ಲಿ ಸುತ್ತಿ
ಬೆಕ್ಕಿನ ಮರಿಯ ಹಾಗೆ ಎತ್ತಿಕೊಂಡು ಬಂದ.
ನಿನ್ನ ಹೆಸರೇನು? ಶೀನ.
ಅದು ಹೆಸರಲ್ಲ, ನಮ್ಮ ಅಕ್ಷರ, ಎಂದ.
ರಸೀದಿಯ ಹಿಂದೆ ಬರೆದೂ ತೋರಿಸಿದ:
ಮೂರು ಹಲ್ಲು, ತಲೆಯ ಮೇಲೆ ಮೂರು ಚುಕ್ಕಿ.
ನೋಡು, ನಿನಗಿನ್ನೂ ಮೂರು ಜೀವ ಇದೆ.

ಆಮೇಲೆ ಕೇಳಿದ,
ಎಂಟನೆಯದರಲ್ಲಾದರೂ ಡೊಪ್ಪಿ ಸರಿಯಾಗಿ ಓಡುತ್ತಾನಾ?
ಸರಿಯಾಗಿ ಅಂದರೆ?
ಬಲದಿಂದ ಎಡಕ್ಕೆ.
ಯಾವಾಗ ನೋಡಿದರೂ ಪುಸ್ತಕದ ಕೊನೆಯಿಂದ ಓಡಿಬರುತ್ತಾನೆ.

ಅ ಆ ಇ ಈ ಓಡುವ ಕಡೆಗೇ ಅವನೂ ಓಡುತ್ತಿದ್ದ.
ಅದೊಂದು ದಿಕ್ಕು ಎಂದು ನನಗೆ ಹೊಳೆದೇ ಇರಲಿಲ್ಲ.

ಮೂಲೆಯಲ್ಲಿ ದಪ್ಪ ಬೆನ್ನಿನ ಹಳೇ ಟೀವಿ.
ಗುಜರಿಯವ ಅರ್ಧ ದಿನಾರಿಗೂ ಬೇಡ ಅಂದದ್ದು.
ಪ್ಲಗ್ಗು ಕಿತ್ತು, ಒಳಗೆ ಕೂತ ಚಾರ್ಜು ಇಳಿಸಿ,
ಕೊಳವೆಯ ಕುತ್ತಿಗೆಗೆ ಸುತ್ತಿದ ತಾಮ್ರದ ಸುರುಳಿಯಿಂದ
ಎರಡು ತಂತಿ ಬಿಡಿಸಿ,
ಇದರದ್ದು ಅದಕ್ಕೆ, ಅದರದ್ದು ಇದಕ್ಕೆ.
ರಾಳ ಹೊಗೆಯಾಡಿತು. ಮಿಶಾರಿ ಕೆಮ್ಮಿದ.

ಹಚ್ಚಿದರೆ
ಮೋಡ, ಹಲಗೆ, ಅಂಕೆಗಳೆಲ್ಲ ಬೆನ್ನು ತಿರುಗಿಸಿ ನಿಂತಿವೆ,
ಡೊಪ್ಪಿ ಬಲಗಡೆಯ ಅಂಚಿನಲ್ಲಿ,
ಎಡಕ್ಕೆ ಮುಖ ಮಾಡಿ. ಮುಖ ಅಂದರೆ, ಬಕೆಟ್ಟು.

ಗುಂಡಿಗಳಿಗೆ ಮಾತ್ರ ಇದು ಗೊತ್ತಿಲ್ಲ,
ಬಲ ಒತ್ತಿದರೆ ಎಡಕ್ಕೆ ಓಡುತ್ತಾನೆ.
ಹದಿನೆಂಟು ಸಲ ಬಿದ್ದ. ಪ್ರತಿ ಸಲವೂ ಕೇಕೆ.
ಮಾರಿಸೆಲ್ ನಿದ್ದೆ ಮರೆತು ಸ್ಟೂಲು ಎಳೆದುಕೊಂಡಳು.

ಇಶಾ ನಮಾಜಿನ ಹೊತ್ತು ಮೀರಿ ಅಪ್ಪ ಕರೆಯಲು ಬಂದ.
ನರೆತ ಗಡ್ಡ, ಕಾರಿನ ಕೀಲಿ ಬೆರಳಲ್ಲಿ ತಿರುಗುತ್ತಾ.
ಪರದೆ ಕಂಡು ಕೀಲಿ ನಿಂತಿತು.
ಇದು ಎಷ್ಟನೆಯದು?
ಮೊದಲನೆಯದೇ, ಎಂದೆ.
ಅಲ್ಲ ಯುಬಾ, ಎಂಟನೆಯದು, ಎಂದ ಮಿಶಾರಿ.

ಅಪ್ಪ ಕೂತ. ರಿಮೋಟು ಇಸಿದುಕೊಂಡ.
ಹೆಬ್ಬೆರಳು ಹಳೆಯದು, ಇಡೀ ದಾರಿ ಬಾಯಿಪಾಠ.
ಮೊದಲ ಹಳ್ಳಕ್ಕೇ ಬಿದ್ದ.