ಮೂರು ಕೂಗು

ಬರಿಸಾಲ್ ಜಿಲ್ಲಾ ಕೋರ್ಟಿನಲ್ಲಿ
ಹೆಸರು ಕೂಗುವುದು ನನ್ನ ಕೆಲಸ.
ಮೂರು ಸಲ. ಕಂಬಕ್ಕೊಂದು, ಮೆಟ್ಟಿಲಿಗೊಂದು,
ಚಹದಂಗಡಿಯ ದಿಕ್ಕಿಗೊಂದು.

‘ಮೇಲ್ಮನವಿ ನೂರ ಹದಿನೆಂಟು! ಅಂಬಿಯಾ ಖಾತೂನ್!’

ವಕೀಲ ಮೋತಾಹರ್ ಸಾಹೇಬರು ಮೇಲಿನ ಮಹಡಿಯಲ್ಲೋ,
ಮಗಳಿಗೆ ಗಂಡು ನೋಡಲೋ, ಯಾರಿಗೆ ಗೊತ್ತು.
ಕುರ್ಚಿಯ ಬೆನ್ನಿಗೆ ಕೋಟು ಮಾತ್ರ ಹಾಜರು.

ಆಕೆ ಬೆಳಿಗ್ಗೆಯೇ ಸಿಕ್ಕಿದ್ದಳು,
ರಾತ್ರಿಯ ಲಾಂಚಿನಲ್ಲಿ ಬಂದು, ಸೆರಗಿನ ತುದಿಗೆ
ಕೊಳದ ಪಾಲಿನ ನಕಾಶೆ ಕಟ್ಟಿಕೊಂಡು.
‘ನನ್ನದು ಯಾವಾಗ, ಅಣ್ಣಾ?’
ಮಧ್ಯಾಹ್ನ ಎಂದಿದ್ದೆ, ವಾಡಿಕೆಯಂತೆ.

ಮೊದಲ ಹನ್ನೊಂದು ಕೇಸು ಮುಂದಕ್ಕೆ ಹೋಗಿ
ಹತ್ತೂಮುಕ್ಕಾಲಿಗೇ ಬಂತು ಸರದಿ.

ನ್ಯಾಯಾಧೀಶರು ತಲೆ ಎತ್ತಲಿಲ್ಲ. ಗೈರುಹಾಜರಿ. ವಜಾ.
ಹದಿನಾಲ್ಕು ವರ್ಷಕ್ಕೆ ಒಂದೂವರೆ ಸಾಲು.
ಸೋತಳೆಂದು ಬರೆದಿಲ್ಲ ಅದರಲ್ಲಿ,
ಬರಲಿಲ್ಲ ಎಂದಷ್ಟೆ.
ಗೆದ್ದವ ಸೋತ, ಸೋತವ ಸತ್ತ ಎನ್ನುತ್ತಾರಲ್ಲ,
ಕೂಗಿಗೆ ಸಿಗದವಳ ಗತಿ ಗಾದೆಯಲ್ಲಿಲ್ಲ.

ಅಗೋ, ಮೆಟ್ಟಿಲು ಹತ್ತುತ್ತಿದ್ದಾಳೆ
ನನ್ನ ದನಿ ಮುಟ್ಟದ ನದಿಯ ಕಡೆಯಿಂದ,
ವಕೀಲರಿಗೆಂದು ಕೊಂಡ ಪಾನ್ ಹಿಡಿದು.
ಗಂಟಲು ಇನ್ನೂ ಬಿಸಿಯಾಗಿದೆ.
ಎದುರಿಗೇ ಬಂದು ನಿಂತಳು, ನಗುತ್ತ.

ಇಷ್ಟು ಹತ್ತಿರ ನಿಂತವರನ್ನು
ಕರೆದು ಅಭ್ಯಾಸವಿಲ್ಲ ನನಗೆ.