ಹನ್ನೊಂದು ಹಾಸಿಗೆ

ಲಿಂಗರಾಜಪುರದ ಫ್ಲೈಓವರ್ ಪಕ್ಕ ನನ್ನ ಹಾಸಿಗೆ ಅಂಗಡಿ.
ಮೇಲಿನ ಕೋಣೆಗೆ ಬಂದಳು ಮೆಲಿಟಾ: ಗಿಟಾರು, ಎರಡು ಮೈಕು,
ಡ್ರಮ್ಮಿನ ಹುಡುಗ. ಬಸ್ಸಿನ ಸದ್ದು ಒಳಗೆ ಬರಬಾರದಂತೆ,
ಗೋಡೆಗೆ ಒರಗಿಸಲು ಹನ್ನೊಂದು ಹಾಸಿಗೆ ಬಾಡಿಗೆಗೆ ಬೇಕಂತೆ.
ಹಾಸಿಗೆಗೂ ಬಾಡಿಗೆಯೇ! ನಕ್ಕು ಕೊಟ್ಟೆ.
ಪ್ಲಾಸ್ಟಿಕ್ಕು ಬಿಚ್ಚಬೇಡ ಅಂದೆ.
ಬಿಚ್ಚಿದಳು. ಹಾಡುವಾಗ ಪರಪರ ಅನ್ನುತ್ತಂತೆ.

ನಾಲ್ಕು ತಿಂಗಳು ಒಂದೇ ಸಾಲು ನನ್ನ ತಲೆಯ ಮೇಲೆ:
‘ಕೊನೇ ಬಸ್ಸು ಹೋಯ್ತು, ನೀ ಹೋಗಲಿಲ್ಲ.’
ಗಿರಾಕಿಗಳೂ ಗುನುಗಿದರು, ಚೌಕಾಸಿಯ ನಡುವೆ.

ಒಂದು ದಿನ ಅಟ್ಟದಲ್ಲಿ ಅಪ್ಪನ ಬಿಲ್ಲು ಕಂಡಳು,
ಹತ್ತಿ ಹಿಂಜುವ ಬಿಲ್ಲು;
ಮೂವತ್ತು ವರ್ಷ ಮಾತಾಡಿರಲಿಲ್ಲ.
‘ಒಮ್ಮೆ ಬಡಿರಿ’ ಅಂದಳು. ಕೈ ಮರೆತಿರಲಿಲ್ಲ.
ಝುಂಯ್...
ಸುತ್ತ ಎಲ್ಲ ಫೋಮೇ, ಹತ್ತಿಯ ಒಂದೆಳೆಯೂ ಇಲ್ಲ,
ಆದರೂ ನನಗೆ ಕೆಮ್ಮು ಬಂತು.
ಕೆಮ್ಮನ್ನೂ ಇಟ್ಟುಕೊಂಡಳು, ಆರನೇ ಹಾಡಿನಲ್ಲಿ.

ಶುಕ್ರವಾರ ನಡುರಾತ್ರಿ ಆಲ್ಬಮ್ ಬಂತು.
ಮೊದಲ ವಾರ ಆ ಹಾಡು ಓಡಿದ್ದು ಇನ್ನೂರ ಹದಿಮೂರು ಸಲ,
ಅದರಲ್ಲಿ ನಲವತ್ತು ನನ್ನ ಹೆಂಡತಿಯದೇ,
ಆ ಕೆಮ್ಮಿಗೆ.

ಹಾಸಿಗೆ ಕೆಳಗಿಳಿಸಿದೆವು. ಹತ್ತು ಮಾರಿದೆ.
ಹನ್ನೊಂದನೆಯದರ ಬೆಲೆ ಕೇಳಿದರೆ
ಸುಮ್ಮನೆ ಜಾಸ್ತಿ ಹೇಳುತ್ತೇನೆ.