ಮಿರಜಿನ ತಂತಿ

ಎಪ್ಪತ್ಮೂರನೇ ಇಸವಿ, ನವರಾತ್ರಿ ಮುಗಿದ ಮರುವಾರ.
ಕ್ಯಾಂಪಿನ ಕಾನ್ವೆಂಟ್ ಹಾಲಿನಾಗ
ಪಿಯಾನೋದ ಹೊಟ್ಟಿಯೊಳಗ ಮೊಣಕೈತನಕ ನನ್ನ ಕೈ.
ಹರಿದಿದ್ದು ಒಂದಽ ತಂತಿ.
ಮುಂಬೈಯಿಂದ ತರಸಬೇಕಂದ್ರ ಎಂಟು ದಿನ,
ಕಚೇರಿ ಇವತ್ತಽ ಸಂಜಿಗೆ.

ನಾ ಶಹಾಪುರದ ಮೋನಪ್ಪ ಬಡಿಗೇರ, ಪೇಟಿ ರಿಪೇರಿಯವ.
ಉಸರು ತಗೊಳ್ಳದಽ ಹಾಡೂ ಪೇಟಿ
ಅದಽ ಮೊದಲು ಕಂಡದ್ದು.
ಚೀಲದಾಗ ಮಿರಜಿನ ಸಿತಾರ ತಂತಿ ಇತ್ತು, ಬಿಗಿದೆ.

ಗ್ವಾಡಿಗೆ ಹಚ್ಚಿದ ಕಾಗದದಾಗ ಆಕಿ ನುಡಿಸಿದ ಊರು:
ಲೆನಿನ್‌ಗ್ರಾಡ್, ಪ್ರಾಗ್, ವಿಯೆನ್ನಾ, ಹವಾನಾ.
ಕೆಳಗ ಶಾಯಿಲೆ, ಡೊಂಕ ಅಕ್ಷರದಾಗ: ಬೆಳಗಾಂವ.

ಝೋಯಾ ಪೆತ್ರೋವ್ನಾ ಬಂದಳು. ಉಣ್ಣಿ ಕೈಗವಸು
ಬಿಚ್ಚಿ, ಮಡಚಿ, ನನ್ನ ಹತೋಡಿ ಬಾಜೂಕ ಇಟ್ಟಳು.
ಮನಿ ಮನಿ ಒತ್ತಿಕೋತ ಬಂದು
ನನ್ನ ತಂತಿಗೆ ನಿಂತಳು. ಮತ್ತ ಒತ್ತಿದಳು. ಮತ್ತ.
ದುಭಾಷಿ ಅಂದ: "ಇಂವ ಯಾವೂರಂವ ಅಂತ ಕೇಳತಾರ."
ತಂತಿಗೋ ನನಗೋ ತಿಳೀಲಿಲ್ಲ.
"ಮಿರಜ" ಅಂದುಬಿಟ್ಟೆ.

ಸಂಜೀಕ ಆ ಸ್ವರ ಬಂದಾಗೆಲ್ಲ
ಹೊಸ್ತಿಲದಾಗ ಮಲಗಿದ ಕೂಸಿನ್ನ ದಾಟಿದಂಗ
ಬೆರಳು ಹಗೂರಕ ಇಟ್ಟು ಹೋದಳು.
ಮಂದಿ ಚಪ್ಪಾಳಿ ಬಡದ್ರು. ನಾ ಬೆವತಿದ್ದೆ.

ಆರು ವರ್ಷಕ್ಕ ಒಂದು ಲಕೋಟಿ, ರಷ್ಯಾದ ತಿಕೀಟು.
ಒಳಗ ಅಕ್ಷರ ಒಂದಿಲ್ಲ,
ಎಣ್ಣಿ ಕಾಗದದಾಗ ಸುರಳಿ ಸುತ್ತಿದ ಖರೇ ತಂತಿ.
ಬಲಗೈ ಬಿದ್ದು ಕಚೇರಿ ಬಿಟ್ಟಾಳಂತ
ದುಭಾಷಿ ಆಮ್ಯಾಲೆ ಸಿಕ್ಕಾಗ ಹೇಳಿದ.

ಆ ತಂತಿ ಇನ್ನೂ ನನ್ನ ಡಬ್ಬ್ಯಾಗಽ ಐತಿ.
ಸಿಸ್ಟರ್ ವರ್ಷಕ್ಕೊಮ್ಮೆ ಕೇಳತಾರ,
"ಮೋನಪ್ಪ, ಅಸಲಿ ತಂತಿ ಸಿಕ್ಕಿತೇನು?"
"ಇಲ್ಲರಿ," ಅಂತೀನಿ, "ಸಿಗವಲ್ದು."